ಎಡಗಣ್ಣಿನ ಕೆಳಗೆ

ತೊಕಿಕೊ ಒದ್ದೆ ಹತ್ತಿಯಿಂದ ಮಗಳ ಕೆನ್ನೆಯನ್ನು ಒರೆಸುತ್ತಲೇ ಇದ್ದಳು. ಎಡಗಣ್ಣಿನ ಕೆಳಗಿದ್ದ ಕಪ್ಪು ಮಚ್ಚೆ ಮೊದಲು ಹರಡಿ, ಆಮೇಲೆ ಅಳಿಸಿಹೋಯಿತು.

"ಅಮ್ಮಾ, ಏನ್ಮಾಡ್ತಿದೀರಿ?" ಮ್ಯಾನೇಜರ್ ಅಸಕುರ ಶವಪೆಟ್ಟಿಗೆಯ ಬಳಿಗೆ ಓಡಿಬಂದ. "ಹೊರಗೆ ಅಭಿಮಾನಿಗಳು ಬೀದಿ ತಿರುವಿನವರೆಗೂ ನಿಂತಿದಾರೆ. ಮಚ್ಚೆ ಇಲ್ದಿದ್ರೆ ಇವ್ಳು ರುರಿನೇ ಅಲ್ಲ ಅಂತಾರೆ."

"ಅಲ್ವೇ ಅಲ್ಲ. ಇವ್ಳು ಚಿಜುರು. ಬೆಂಕಿಗಾದ್ರೂ ನನ್ನ ಮಗಳಾಗಿ ಹೋಗ್ಲಿ."

"ಇವ್ಳ ಹೆಸರಲ್ಲಿ ಮಾರೋ ಹುಬ್ಬಿನ ಪೆನ್ಸಿಲ್ ಡಬ್ಬಿ ಮೇಲೆ ಅದೇ ಮಚ್ಚೆ, ಅಡುಗೆ ಕಾರ್ಯಕ್ರಮದ ಏಪ್ರನ್ ಮೇಲೂ ಅದೇ..."

"ಹೆಣದ ಮುಂದೆ ಅಂಗಡಿ ತೆಗೀಬೇಡಿ, ಅಸಕುರ ಅವ್ರೇ" ಎಂದಳು ಮೇಕಪ್ ಮಾಡುವ ಶಿಹೊ. ಅವಳ ಕಣ್ಣು ಊದಿತ್ತು.

*

ವಯಸ್ಕರ ಚಿತ್ರಗಳಲ್ಲಿ ನಟಿಸಲು ಹೋದಾಗಲೇ ಚಿಜುರು ತನಗೆ ರುರಿ ಎಂಬ ಹೆಸರನ್ನೂ ಆ ಮಚ್ಚೆಯನ್ನೂ ಇಟ್ಟುಕೊಂಡಿದ್ದಳು. ಆ ಚಿತ್ರಗಳನ್ನು ಬಿಟ್ಟ ಮೇಲೆ ಟೀವಿ ಹರಟೆಗಳಲ್ಲಿ ಕುಳಿತಳು. ಯಾರಾದರೂ ಹಳೆಯದನ್ನು ಕೆಣಕಿದರೆ ಅವರಿಗಿಂತ ಮೊದಲು ತಾನೇ ನಕ್ಕುಬಿಡುತ್ತಿದ್ದಳು. ಕೊನೆಕೊನೆಗೆ ಬೆಳಗಿನ ಕಾರ್ಯಕ್ರಮದಲ್ಲಿ ಗೃಹಿಣಿಯರಿಗೆ ಮೂಲಂಗಿ ಬೇಯಿಸುವುದನ್ನು ಹೇಳಿಕೊಟ್ಟಳು. ತೊಕಿಕೊ ಒಂದನ್ನೂ ನೋಡಲಿಲ್ಲ. ಮೀನಿನಂಗಡಿಯವಳು ನೋಡುತ್ತಿದ್ದಳು.

"ಅಯ್ಯೋ ತೊಕಿಕೊ ಅವ್ರೇ, ಟೀವಿ ರುರಿಗೂ ನಿಮ್ಗೂ ಒಂದೇ ಜಾಗದಲ್ಲಿ ಮಚ್ಚೆ! ನೆಂಟ್ರೇನೋ?"

"ಅಂಥವ್ರು ನಮಗ್ಯಾಕೆ ನೆಂಟ್ರಾಗ್ತಾರೆ?"

ಅಂದಿನಿಂದ ತೊಕಿಕೊ ಎದ್ದ ಕೂಡಲೇ ಎಡಗಣ್ಣಿನ ಕೆಳಗೆ ದಪ್ಪನಾಗಿ ಪೌಡರ್ ಬಳಿಯುತ್ತಿದ್ದಳು. ಕಸ ಹಾಕಲು ಹೋಗುವಾಗಲೂ.

*

ಇವತ್ತೂ ಬಳಿದುಕೊಂಡೇ ಬಂದಿದ್ದಳು.

"ನನ್ನ ಮೇಲಿನ ಸಿಟ್ಟಿಗೆ ನನ್ನ ಮುಖಾನೇ ಮಾರ್ಕೊಂಡ್ಲು" ಎಂದಳು ದಣಿದ ದನಿಯಲ್ಲಿ.

"ಸಿಟ್ಟಾ?" ಶಿಹೊ ಮೆಲ್ಲಗೆ ಹತ್ತಿರ ಕುಳಿತಳು. "ಇಷ್ಟು ವರ್ಷ ಅವಳ ಮುಖಕ್ಕೆ ಎಲ್ಲಾ ನಾನೇ ಹಚ್ಚಿದ್ದು. ಮಚ್ಚೆ ಮಾತ್ರ ಮುಟ್ಟೋಕೆ ಬಿಡ್ತಿರ್ಲಿಲ್ಲ. ಕ್ಯಾಮೆರಾ ಮುಂದೆ ಹೋಗೋ ಮುಂಚೆ ತಾನೇ ಇಟ್ಕೊಂಡು, 'ಅಮ್ಮ ಜೊತೇಲಿದಾಳೆ, ಇನ್ನು ಭಯ ಇಲ್ಲ, ನಡಿ' ಅನ್ನೋಳು. ನಿನ್ನೆ ಪೆಟ್ಟಿಗೇಲಿ ಮಲಗಿಸೋವಾಗ ನಾನಿಟ್ಟೆ. ಜಾಗ ತಪ್ಪಿರ್ಬೇಕು."

ಮುಚ್ಚಳ ಹಾಕುವವರು ಬಾಗಿಲಲ್ಲಿ ತಲೆತಗ್ಗಿಸಿ ಕಾಯುತ್ತಿದ್ದರು.

ತೊಕಿಕೊ ಕೈಯಲ್ಲಿದ್ದ ಹತ್ತಿಯನ್ನು ನೋಡಿದಳು. ಮಗಳ ಕಪ್ಪು ಅಂಟಿದ್ದ ಬದಿಯನ್ನು ಮಡಚಿ, ತನ್ನ ಕೆನ್ನೆಯ ಮೇಲಿನ ಪೌಡರನ್ನು ಉಜ್ಜಿ ಒರೆಸಿಕೊಂಡಳು.

"ಪೆನ್ಸಿಲ್ ಕೊಡಮ್ಮಾ. ಕನ್ನಡೀನೂ ಹಿಡ್ಕೋ."

ಶಿಹೊ ಕನ್ನಡಿ ಹಿಡಿದಳು. ತೊಕಿಕೊ ತನ್ನ ಮುಖವನ್ನೊಮ್ಮೆ, ಮಗಳ ಮುಖವನ್ನೊಮ್ಮೆ ನೋಡುತ್ತಾ, ಪೆನ್ಸಿಲ್ಲಿನ ತುದಿಯನ್ನು ಆ ತಣ್ಣನೆಯ ಕೆನ್ನೆಯ ಮೇಲೆ ಇನ್ನೂ ಸ್ವಲ್ಪ ಕೆಳಕ್ಕೆ ಸರಿಸಿದಳು.