ಹುಳುಮನೆಯ ಕೋಳಿಗಳು

ಊಜಿ ನೊಣ ಜಗಳೂರು ಸೀಮೆಗೆ ಕಾಲಿಟ್ಟ ವರ್ಷ ಪಾಲಣ್ಣನ ರೇಷ್ಮೆ ಬೆಳೆ ಪೂರಾ ಕೆಟ್ಟಿತು. ನೊಣ ಹುಳುವಿನ ಮೈಮೇಲೆ ಮೊಟ್ಟೆ ಇಡುತ್ತಿತ್ತು. ಮರಿ ಒಳಗಿಂದಲೇ ಹುಳುವನ್ನು ತಿಂದು, ಗೂಡನ್ನು ತೂತು ಮಾಡಿ ಹೊರಬಿದ್ದು, ನೆಲದ ಬಿರುಕಿನಲ್ಲಿ ಅಡಗುತ್ತಿತ್ತು. ಅಲ್ಲಿಂದ ಮತ್ತೆ ಹೊಸ ನೊಣ ಏಳುತ್ತಿತ್ತು.

"ಮುಂಡೆ ಇರೋ ಮನ್ಯಾಗೆ ಇನ್ನೇನು ಏಳಿಗೆ ಆದಾತು," ಎಂದಳು ಪಾಲಣ್ಣನ ಹೆಂಡತಿ ಕಾಟಮ್ಮ, ಗಾದ್ರಮ್ಮನಿಗೆ ಕೇಳಿಸುವ ಹಾಗೆ. ಗಾದ್ರಮ್ಮ ಪಾಲಣ್ಣನ ಸತ್ತ ತಮ್ಮನ ಹೆಂಡತಿ. ಸೊಪ್ಪು ಕೊಯ್ದು, ತಟ್ಟೆ ತೊಳೆದು, ಹುಳುಮನೆಯ ಜಗಲಿಯಲ್ಲೇ ಮಲಗುತ್ತಿದ್ದಳು. ತನ್ನದು ಅಂತ ಅವಳಿಗಿದ್ದದ್ದು ತವರಿಂದ ತಂದ ಒಂದು ಹೇಂಟೆ, ಅದರ ಸಂತಾನ.

ಆ ಕೋಳಿಗಳು ನೊಣದ ಮರಿಗಳನ್ನು ಆಸೆಯಿಂದ ಹೆಕ್ಕುವುದನ್ನು ಅವಳು ಗಮನಿಸಿದಳು. ಮುಂದಿನ ಬೆಳೆಯಲ್ಲಿ ಹುಳುಗಳು ಬಿದಿರು ಹೆಣೆದ ಚಂದ್ರಿಕೆ ತಟ್ಟಿಯಲ್ಲಿ ಗೂಡು ಕಟ್ಟಿದ ಮೇಲೆ, ಕೋಳಿಗಳನ್ನು ಅದರ ಅಡಿಗೆ ಬಿಟ್ಟು ಅವು ಗೂಡಿಗೆ ಬಾಯಿ ಹಾಕದಂತೆ ಕೋಲು ಹಿಡಿದು ಕಾದಳು. ಗೂಡು ಬಿಡಿಸಿದ ಮೇಲೆ ಖಾಲಿ ಹುಳುಮನೆಯ ಮೂಲೆಮೂಲೆಯನ್ನೂ ಅವು ಕೆದಕಿದವು. ಬೆಳೆಯಿಂದ ಬೆಳೆಗೆ ನೊಣದ ಕಾಟ ಇಳಿಯಿತು. ಪಾಲಣ್ಣ ಊರವರ ಮುಂದೆ ಇದು ತನ್ನದೇ ಉಪಾಯ ಎಂದು ಹೇಳಿಕೊಂಡ.

ಆಮೇಲೆ ಪಾಲಣ್ಣನ ಮಗಳನ್ನು ನೋಡಲು ಗಂಡಿನ ಕಡೆಯವರು ಬಂದರು. ಪಾಲಣ್ಣ ಅಡುಗೆಗೆಂದು ಗಾದ್ರಮ್ಮನ ಕೋಳಿಗಳನ್ನೆಲ್ಲ ಹಿಡಿಸಿದ.

"ಭಾವ, ಹೇಂಟೆ ಒಂದನ್ನಾದ್ರೂ ಉಳಿಸ್ರಿ."

"ಯಾಕೆ? ಹುಳ ಹೆಕ್ಕಾಕೆ ನೀನಿದೀಯಲ್ಲ."

ಬಂದವರು ನಕ್ಕರು. ಪುಕ್ಕ ತರಿಯಲು ಕಾಟಮ್ಮ ಗಾದ್ರಮ್ಮನನ್ನೇ ಕೂರಿಸಿದಳು. ಹೇಂಟೆಯ ಮೈ ಇನ್ನೂ ಬೆಚ್ಚಗಿತ್ತು.

ಪಾಲಣ್ಣ ತಮಾಷೆಗೆ ಹೇಳಿದ್ದಲ್ಲ. ಮುಂದಿನ ಬೆಳೆಯಲ್ಲಿ ಗಾದ್ರಮ್ಮ ಮೊಣಕಾಲೂರಿ ನೊಣದ ಮರಿಗಳನ್ನು ಕೈಯಲ್ಲಿ ಆರಿಸಿದಳು. "ಅಲ್ಲೈತೆ ನೋಡು, ಕೊಕ್ಕಿಲ್ಲದ ಕೋಳಿ," ಎಂದು ಕಾಟಮ್ಮ ಪೊರಕೆ ಕಡ್ಡಿಯಿಂದ ಬೆನ್ನಿಗೆ ತಿವಿಯುತ್ತಿದ್ದಳು. ನೋಡಿದವರು ನಗುತ್ತಿದ್ದರು.

ಗೂಡು ಮಾರಾಟಕ್ಕೆ ಹೋದ ದಿನ ಗಾದ್ರಮ್ಮ ಮೂಲೆಯ ಗೋಣಿಚೀಲ ಎತ್ತಿದಳು. ಬಿರುಕಿನ ತುಂಬ ಕಂದು ಕಾಳಿನಂಥ ನೊಣದ ಕೋಶಗಳು. ಒಂದನ್ನು ಉಗುರಿನಲ್ಲಿ ಅರೆದಳು. ಉಳಿದವನ್ನು ಮುಟ್ಟಲಿಲ್ಲ. ಆಮೇಲೆ ಚೀಲವನ್ನು ಇದ್ದ ಹಾಗೇ ಮುಚ್ಚಿದಳು.

ಹೊಸ ಹುಳುಗಳು ದೊಡ್ಡವಾಗುವ ಹೊತ್ತಿಗೆ ಹುಳುಮನೆ ನೊಣದಿಂದ ಗುಂಯ್‌ಗುಟ್ಟಿತು. ಮೈಮೇಲೆ ಕಪ್ಪು ಚುಕ್ಕೆ ಬಿದ್ದ ಹುಳುಗಳು ಕೊಳೆತು ನಾರಿದವು. ಪಾಲಣ್ಣ ತಟ್ಟೆಗಟ್ಟಲೆ ತಿಪ್ಪೆಗೆ ಸುರಿದ.

"ನೆಲದಾಗೆ ಇದ್ದವು ನಿನಗೆ ಕಾಣಲಿಲ್ಲೇನು?"

"ಕಂಡವು ಭಾವ."

ಬಿದಿರ ದಬ್ಬೆ ಸೀಳುವ ತನಕ ಪಾಲಣ್ಣ ಹೊಡೆದ. ಕಾಟಮ್ಮ ಗಾದ್ರಮ್ಮನ ಬಟ್ಟೆಯ ಗಂಟನ್ನು ಬೀದಿಗೆ ಎಸೆದು ಬಾಗಿಲು ಹಾಕಿಕೊಂಡಳು. ತುಟಿಯ ರಕ್ತ ಒರೆಸಿಕೊಂಡು ಗಾದ್ರಮ್ಮ ಬಸ್ಸಿನ ದಾರಿ ಹಿಡಿದಳು. ತವರಲ್ಲಿ ಯಾರೂ ಉಳಿದಿರಲಿಲ್ಲ. ಆದರೂ ಮೈಯ ನೋವಿಗಿಂತ ಸಮಾಧಾನವೇ ಅವಳಿಗೆ ಹೆಚ್ಚಾಗಿತ್ತು.