ತಿಂಗಳಲ್ಲಿ ಮಳೆಯಿಲ್ಲ

ರೇಡಿಯೊ ನಿಲಯದ ಮುಖ್ಯಸ್ಥರಿಗೆ ಅರ್ಧ ಮಾತಾಡಿ ಹೊರಟುಬಿಡುವ ಚಾಳಿ. ಉಳಿದರ್ಧವನ್ನು ಕೇಳಿಸಿಕೊಂಡವರೇ ತುಂಬಿಕೊಳ್ಳಬೇಕು. ಅವತ್ತೂ ಬಾಗಿಲಲ್ಲಿ ತಲೆಯಷ್ಟೇ ತೂರಿಸಿ, "ನಾಳೆಗೆ ತಿಂಗಳ ಹವಾಮಾನ ಬರೆದುಬಿಡಮ್ಮ, ಚೆನ್ನಾಗಿರ್ಲಿ," ಎಂದವರೇ ಮಾಯವಾದರು.

ದಿನವೂ ಬೆಳಗ್ಗೆ ಹವಾಮಾನ ಓದುವ ಆಕೆಗೆ ಊರವರು ಇಟ್ಟ ಹೆಸರು ಹವೆಯಕ್ಕ. ಆ ವಾರ ಯಾರ ಬಾಯಲ್ಲಿ ನೋಡಿದರೂ ಚಂದ್ರನ ಮಾತೇ. ಯಾವುದೋ ದೇಶದವರು ಅಲ್ಲಿಗೆ ನೌಕೆ ಹಾರಿಸಿದ್ದರು. ಅಲ್ಲಿ ಮಳೆ ಬರುತ್ತಾ, ಅಲ್ಲಿ ಸ್ವೆಟರ್ ಬೇಕಾ ಎಂದು ಮಕ್ಕಳು ಫೋನ್ ಮಾಡಿ ಪೀಡಿಸುತ್ತಿದ್ದವು. ಸಾಲದ್ದಕ್ಕೆ, ಅವಳ ಅಮ್ಮನ ಬಾಯಲ್ಲಿ ಚಂದ್ರ ಎಂಬ ಪದ ಬಂದದ್ದೇ ಇಲ್ಲ. ಆಕಾಶದಲ್ಲಿರುವುದೂ ತಿಂಗಳು, ಕ್ಯಾಲೆಂಡರಿನಲ್ಲಿರುವುದೂ ತಿಂಗಳು. ಆ ಬಾಯಿಂದ ಮಾತು ಕಲಿತ ಮಗಳು ಹಿಂದೆಮುಂದೆ ನೋಡದೆ ಚಂದ್ರನ ಹವಾಮಾನ ಬರೆಯಲು ಕೂತಳು.

ಬರೆದದ್ದರಲ್ಲಿ ತಪ್ಪೇನೂ ಇರಲಿಲ್ಲ, ಅದೇ ಕಷ್ಟ. ತಿಂಗಳಲ್ಲಿ ಗಾಳಿಯಿಲ್ಲ, ಮೋಡವಿಲ್ಲ, ಒಂದು ಹನಿ ಮಳೆಯಿಲ್ಲ. ಹಗಲು 120 ಡಿಗ್ರಿ, ರಾತ್ರಿ -130. ಕೊನೆಯಲ್ಲಿ ಭೂಮಿಯ ಮೇಲಿನ ಪರಿಣಾಮವನ್ನೂ ಸೇರಿಸಿದಳು: ತಿಂಗಳು ನೆತ್ತಿಯ ಮೇಲೆ ಬಂದಾಗ ಅದರ ಸೆಳೆತಕ್ಕೆ ಕಡಲು ಉಬ್ಬುವ ಹಾಗೆ ನಮ್ಮ ಗಾಳಿಯೂ ಉಬ್ಬುತ್ತದೆ, ಮಳೆ ಎಳ್ಳಷ್ಟು ಕಡಿಮೆಯಾಗುತ್ತದೆ. ಎಳ್ಳಷ್ಟೇ, ಹೆಚ್ಚಿಲ್ಲ.

ಮುಖ್ಯಸ್ಥರು ತಿದ್ದಿದ ಹಾಳೆ ಅವಳ ಕೈಗೆ ಬಂದದ್ದು ಮೈಕಿನ ಕೆಂಪು ದೀಪ ಹತ್ತಿದ ಮೇಲೆ. ನೂರಿಪ್ಪತ್ತು ಎಂಬುದನ್ನು ಕಂಡು ಸೊನ್ನೆಯೊಂದು ಹೆಚ್ಚಾಗಿ ಬಿದ್ದಿದೆ ಎಂದುಕೊಂಡು ಅವರು ಅದನ್ನು ಹೊಡೆದುಹಾಕಿದ್ದರು. ರಾತ್ರಿಯ ಸೊನ್ನೆಗೂ ಅದೇ ಗತಿ. ಹಿಂದಿದ್ದ ಮೈನಸ್ಸು ಅವರ ಕಣ್ಣಿಗೆ ಬರೀ ಗೀಟಿನಂತೆ ಕಂಡಿರಬೇಕು, ಅದನ್ನೂ ತೆಗೆದಿದ್ದರು. ದೊಡ್ಡವರು ತಿದ್ದಿದ್ದಾರೆ, ಏನೋ ಕಾರಣವಿರುತ್ತದೆ ಎಂದು ಹವೆಯಕ್ಕ ಹಾಳೆಯಲ್ಲಿ ಇದ್ದದ್ದನ್ನು ಇದ್ದ ಹಾಗೆ ಓದಿದಳು: "ಹಗಲು ಹನ್ನೆರಡು ಡಿಗ್ರಿ, ರಾತ್ರಿ ಹದಿಮೂರು ಡಿಗ್ರಿ. ತಿಂಗಳಲ್ಲಿ ಗಾಳಿಯಿಲ್ಲ, ಮೋಡವಿಲ್ಲ, ಒಂದು ಹನಿ ಮಳೆಯಿಲ್ಲ."

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಮರುದಿನ ಬೆಳಗಾಗುವುದೇ ತಡ, ಫೋನು ಶುರುವಾಯಿತು.

"ಹವೆಯಕ್ಕ, ರಾತ್ರಿ ಹೊತ್ತೇ ಸೆಕೆ ಜಾಸ್ತಿ ಅಂದ್ರಲ್ಲ, ಕಿಟಕಿ ಯಾವಾಗ ತೆಗೀಲಿ?" ಎಂದು ಒಬ್ಬರು. "ತಿಂಗಳು ನೆತ್ತಿ ಮೇಲೆ ಬರೋದು ಅಂದ್ರೆ ಹದಿನೈದನೇ ತಾರೀಕಾ?" ಎಂದು ಇನ್ನೊಬ್ಬರು. ಅವಳ ತಲೆ ಮೊಸರುಗಡಿಗೆಯಾಯಿತು. ಯಾವ ಪ್ರಶ್ನೆ ಯಾವ ತಿಂಗಳದ್ದು ಎಂದು ಬೇರೆ ಮಾಡುವುದರಲ್ಲೇ ಅರ್ಧ ಬೆಳಗು ಕಳೆಯಿತು.

ಮುಖ್ಯಸ್ಥರ ಕೋಣೆಗೆ ಹೋದಳು. "ಸರ್, ನೀವು ಹೇಳಿದ್ದು ಯಾವ ತಿಂಗಳು?"

"ಯಾವ ತಿಂಗಳು ಅಂದ್ರೆ? ಈ ತಿಂಗಳು."

"ನಾನು ಬರೆದಿದ್ದು ಚಂದ್ರಂದು ಸರ್."

ಮುಖ್ಯಸ್ಥರು ಕನ್ನಡಕ ತೆಗೆದರು, ಒರೆಸಿದರು, ಮತ್ತೆ ಹಾಕಿಕೊಂಡರು. "ಚಂದ್ರಂದು ಯಾಕಮ್ಮ ಬರೆದೆ? ಅಲ್ಲಿ ಯಾರು ನಮ್ಮ ರೇಡಿಯೊ ಕೇಳ್ತಾರೆ?"

ಎತ್ತು ಈಯಿತು ಎಂದರೆ ಕೊಟ್ಟಿಗೆಗೆ ಕಟ್ಟು ಎನ್ನುವ ಮನುಷ್ಯನ ಹತ್ತಿರ ಏನೆಂದು ವಾದಿಸುವುದು? ಅವಳು ಹೊರಗೆ ಬರುವಷ್ಟರಲ್ಲಿ ಫೋನು ಮತ್ತೆ ಹೊಡೆದುಕೊಳ್ಳುತ್ತಿತ್ತು. ಈ ಸಲ ಅತ್ತಿಗೆ, ಅಣ್ಣನ ಹೆಂಡತಿ, ತಾನು ಕೆಲಸ ಮಾಡುವ ಹೊಲಿಗೆ ಅಂಗಡಿಯಿಂದ.

"ನೋಡು, ನಿಮ್ಮಣ್ಣ ನಿನ್ನೆ ಅತ್ತೆ ಕೋಣೆ ಸೂರು ಬಿಚ್ಚಿದ್ದಾರೆ. ಇಡೀ ತಿಂಗಳು ಮಳೆ ಇಲ್ಲ ಅಂತ ನೀನೇ ಹೇಳಿದ್ಯಂತೆ. ಇಲ್ಲಿ ನೋಡಿದ್ರೆ ಮೋಡ ಕಟ್ತಾ ಇದೆ. ಅವರು ಫೋನ್ ತೆಗೀತಿಲ್ಲ ಕಣೇ."

ಆ ಕೋಣೆಯ ತಗಡಿನ ಸೂರೇ ಅಣ್ಣ ತಂಗಿಯ ಮಾತು ಮುರಿದದ್ದು. ಅಣ್ಣ ಬಡಗಿ. ಅಮ್ಮ ಬಿದ್ದು ಸೊಂಟ ಮುರಿದುಕೊಂಡು ಮಂಚ ಹಿಡಿದ ಮಳೆಗಾಲದಲ್ಲಿ ಅವಳು ಬಂದು ನೋಡಿದರೆ, ಅಮ್ಮನ ಕಾಲ ಬಳಿ ಬಕೆಟ್ಟು ಇಟ್ಟಿತ್ತು. "ಊರವರ ಮನೆಗೆಲ್ಲ ಬಾಗಿಲು ಕೂರಿಸ್ತೀಯ, ಹೆತ್ತ ತಾಯಿ ತಲೆ ಮೇಲೆ ಸೂರು ಸೋರ್ತಿದೆ," ಎಂದುಬಿಟ್ಟಿದ್ದಳು. ಆಮೇಲೆ ಒಂದು ಮಳೆಗಾಲ ಕಳೆದು ಇನ್ನೊಂದು ಹತ್ತಿರ ಬಂದರೂ ಅಣ್ಣ ಮಾತಾಡಲಿಲ್ಲ, ಅವಳು ಆ ಮನೆಯ ಮೆಟ್ಟಿಲು ಹತ್ತಲಿಲ್ಲ. ಹಣ್ಣು, ಔಷಧಿ ಎಲ್ಲ ಅತ್ತಿಗೆಯ ಕೈಯಲ್ಲೇ ಕಳಿಸುತ್ತಿದ್ದಳು.

ಅಣ್ಣನ ಮನೆಗೆ ಹೊರಡುವ ಮುಂಚೆ ಹವಾಮಾನ ಕಚೇರಿಗೆ ಫೋನ್ ಮಾಡಿದಳು. "ಬರಬಹುದು," ಎಂದರು ಅಲ್ಲಿಯವರು. "ಬರದೇನೂ ಇರಬಹುದು." ಅಡ್ಡಗೋಡೆಯ ಮೇಲೆ ದೀಪವಿಟ್ಟ ಹಾಗಿತ್ತು. ಇಷ್ಟು ವರ್ಷ ಇದನ್ನೇ ತಾನು ಗಟ್ಟಿ ದನಿಯಲ್ಲಿ ಓದುತ್ತಿದ್ದೆನಲ್ಲ ಎಂದು ಅವಳಿಗೆ ನಾಚಿಕೆಯಾಯಿತು.

ಬಸ್ಸಿನ ಕಿಟಕಿಯಲ್ಲಿ ಆಕಾಶವೂ ಅವಳ ಹಾಗೇ ತಬ್ಬಿಬ್ಬಾದಂತಿತ್ತು. ಒಂದು ಬೀದಿಗೆ ಬಿಸಿಲು, ಇನ್ನೊಂದಕ್ಕೆ ಮೋಡ. ಸೂರು ಮುಚ್ಚು ಎಂದು ಹೇಳಿ ಮಳೆ ಬರದಿದ್ದರೆ, ಬಂದವಳೇ ಮತ್ತೆ ಅಧಿಕಾರ ಚಲಾಯಿಸಿದಳು ಎಂದುಕೊಳ್ಳುತ್ತಾನೆ ಅಣ್ಣ. ಬಿಡು ಎಂದು ಹೇಳಿ ಮಳೆ ಬಂದರೆ ಅಮ್ಮ ಮಲಗಿದಲ್ಲೇ ನೆನೆಯುತ್ತಾಳೆ. ಮಂಚ ಆ ಕೋಣೆಯೊಳಗೇ ಜೋಡಿಸಿದ್ದು, ಬಾಗಿಲಲ್ಲಿ ಹಿಡಿಸುವುದಿಲ್ಲ. ಅಮ್ಮನನ್ನು ಎತ್ತಿದರೆ ನೋವಿಗೆ ಕೂಗುತ್ತಾಳೆ. ಬಿಸಿ ತುಪ್ಪ, ನುಂಗಲೂ ಆಗದು, ಉಗುಳಲೂ ಆಗದು.

ಅಣ್ಣ ಏಣಿಯ ತುದಿಯಲ್ಲಿದ್ದ. ಗೆದ್ದಲು ಹಿಡಿದ ಹಳೆಯ ಜಂತೆಗಳು ಅಂಗಳದಲ್ಲಿ ಬಿದ್ದಿದ್ದವು. ಅವಳನ್ನು ಕಂಡು ಸುತ್ತಿಗೆ ನಿಲ್ಲಿಸಿದ, ಇಳಿಯಲಿಲ್ಲ.

"ಅಣ್ಣ, ನಾನು ಓದಿದ್ದು ಚಂದ್ರಂದು. ತಿಂಗಳು ಅಂದ್ರೆ ಈ ತಿಂಗಳಲ್ಲ, ಆ ತಿಂಗಳು," ಎಂದು ಬೆರಳು ಮೇಲೆತ್ತಿದಳು. ಅಲ್ಲಿ ಮೋಡ ಬಿಟ್ಟು ಬೇರೇನೂ ಇರಲಿಲ್ಲ.

ಅಣ್ಣ ಬೆರಳನ್ನೂ ನೋಡಿದ, ಮೋಡವನ್ನೂ ನೋಡಿದ. "ಅಲ್ಲಿ ಮಳೆ ಬಂದ್ರೇನು, ಬಿಟ್ರೇನು? ನಾನೇನು ಅಲ್ಲಿ ಸೂರು ಹಾಕ್ತಿದ್ದೀನಾ?" ಎಂದ. ಅಷ್ಟು ದಿನಗಳ ಮೇಲೆ ಅವನು ಅವಳೊಂದಿಗೆ ಆಡಿದ ಮೊದಲ ಮಾತು ಅದು. "ಈಗ ಹೇಳು, ಇಲ್ಲಿ ಬರುತ್ತಾ, ಇಲ್ವಾ?"

"ನಂಗೊತ್ತಿಲ್ಲ ಅಣ್ಣ."

"ನಿನ್ನ ಬಾಯಲ್ಲಿ 'ಗೊತ್ತಿಲ್ಲ' ಬಂತಾ?" ಅಣ್ಣ ದಡದಡನೆ ಇಳಿದ. "ಹಾಗಾದ್ರೆ ಮಳೆ ಗ್ಯಾರಂಟಿ. ಟಾರ್ಪಾಲು ಹಿಡಿ, ಒಬ್ಬನ ಕೈಲಿ ಎಳೆಯೋಕಾಗಲ್ಲ."

ಕೋಣೆಯೊಳಗೆ ಅಮ್ಮ ತೆರೆದ ಆಕಾಶ ನೋಡುತ್ತ ಮಲಗಿದ್ದಳು. ಟಾರ್ಪಾಲಿನ ಒಂದು ಮೂಲೆ ಹಿಡಿದು ಒಳಗೆ ಬಂದ ಹವೆಯಕ್ಕ, "ಅಮ್ಮ," ಎಂದಳು. ಅಮ್ಮ ತಿರುಗಲಿಲ್ಲ. ಇವಳಿಗೂ ನನ್ನ ಮೇಲೆ ಸಿಟ್ಟು ಎಂದುಕೊಂಡಳು ಮಗಳು. ಅಷ್ಟರಲ್ಲಿ ಅಮ್ಮ ಕತ್ತು ಹೊರಳಿಸಿ ಕಂಡವಳೇ ಮುಖ ಅರಳಿಸಿದಳು.

"ಯಾವಾಗ ಬಂದ್ಯೇ? ನಿನ್ನೆ ಮಲಗಿದ್ದಲ್ಲಿಂದ್ಲೇ ತಿಂಗಳು ಕಾಣಿಸ್ತು ಕಣೇ. ಎಷ್ಟು ಕಾಲ ಆಗಿತ್ತು!"

"ಅಮ್ಮ, ರೇಡಿಯೊದಲ್ಲಿ ನಾನು ಹೇಳಿದ್ದು ಕೇಳಿದ್ಯಲ್ಲ, ಅದು ತಪ್ಪಾಯ್ತಮ್ಮ. ಸೋರೋ ಸೂರು ಅಂತ ಆಡಿಕೊಂಡವಳು ಇದ್ದ ಸೂರನ್ನೂ ತೆಗೆಸಿದೆ."

"ಹೂಂ," ಎಂದಳು ಅಮ್ಮ ನಗುತ್ತ. "ಊಟ ಮಾಡ್ಕೊಂಡೇ ಹೋಗು."

ಟಾರ್ಪಾಲಿನ ಇನ್ನೊಂದು ಮೂಲೆ ಗೋಡೆಗೆ ಕಟ್ಟುತ್ತಿದ್ದ ಅಣ್ಣ ಅಲ್ಲಿಂದಲೇ ಹೇಳಿದ. "ಅವಳಿಗೆ ಕಿವಿ ಸರಿಯಾಗಿ ಕೇಳಿಸಲ್ಲ."

"ಯಾವಾಗಿಂದ?"

"ನೀನು ಬರೋದು ಬಿಟ್ಟ ಮೇಲೆ. ನಿಂಗೆ ಹೇಳ್ಬೇಡಿ ಅಂದಿದ್ಲು."

"ಮತ್ತೆ ರೇಡಿಯೊ? ಅಮ್ಮ ದಿನಾ ನನ್ನ ದನಿ ಕೇಳ್ತಾಳೆ ಅಂತಿದ್ರಲ್ಲ ಅತ್ತಿಗೆ!"

ಅಣ್ಣ ಗಂಟನ್ನು ಎರಡು ಸಲ ಬಿಗಿದ, ಬಿಗಿಯುವ ಅಗತ್ಯವಿಲ್ಲದಿದ್ದರೂ. "ನಾನು ಕೇಳ್ತೀನಿ. ಆಮೇಲೆ ಅವಳ ಪಕ್ಕ ಕೂತು, ನೀನು ಹೇಳಿದ್ದನ್ನೆಲ್ಲ ಕಿವಿಯೊಳಗೆ ಹೇಳ್ತೀನಿ. ಒಂದಕ್ಷರ ಬಿಡಲ್ಲ. ನಿನ್ನೆ ಆ ಹಗಲು ಹನ್ನೆರಡು, ರಾತ್ರಿ ಹದಿಮೂರು ಅನ್ನೋದನ್ನೂ ಹೇಳ್ದೆ. ನಂಗೆ ತಲೆಬುಡ ಅರ್ಥ ಆಗ್ಲಿಲ್ಲ. ನೀನು ಹೇಳಿದ ಮೇಲೆ ಸರಿಯಾಗೇ ಇರುತ್ತೆ ಅಂದ್ಕೊಂಡೆ."

ಅವಳ ಕೈಯಲ್ಲಿದ್ದ ಮೂಲೆ ಇನ್ನೂ ಕಟ್ಟಿರಲಿಲ್ಲ. ಆ ಸಂದಿನಿಂದಲೇ ಮೊದಲ ಹನಿಗಳು ಅಮ್ಮನ ಹೊದಿಕೆಯ ಮೇಲೆ ಟಪಟಪ ಬಿದ್ದವು. ಅಣ್ಣ ಓಡಿ ಬಂದು ಮೂಲೆಯನ್ನು ಅವಳ ಕೈಯಿಂದ ಕಿತ್ತುಕೊಂಡು ಏಣಿ ಹತ್ತಿದ. ಅವಳು ಮಂಚದ ಪಕ್ಕ ಮಂಡಿಯೂರಿ, ಅಮ್ಮನ ಕಿವಿಗೆ ಬಾಯಿ ಹಚ್ಚಿ, ಇದ್ದ ಬದ್ದ ಉಸಿರೆಲ್ಲ ಸೇರಿಸಿ ಕೂಗಿದಳು. "ಅಮ್ಮ, ಮಳೆ ಬರ್ತಿದೆ!"

ಅಮ್ಮ ಬೆಚ್ಚಿ ಮುಖ ಸಿಂಡರಿಸಿ ಕಿವಿ ಉಜ್ಜಿಕೊಂಡಳು. "ಹಾಗೆ ಯಾಕೆ ಕಿರುಚ್ತೀಯೇ? ಹವಾಮಾನ ಹೇಳೋದು ಹೇಗೆ ಅಂತ ನಿಮ್ಮಣ್ಣನ್ನ ನೋಡಿ ಕಲ್ತುಕೋ."