ಒಡೆದ ಕಡುಬು

ನನಗೆ ಮೂಗಿನ ತುದಿಯಲ್ಲೇ ಕೋಪ. ಆ ಭಾನುವಾರ ಅದನ್ನೆಲ್ಲ ಮೈದಾ ಹಿಟ್ಟಿನ ಮೇಲೆ ತೀರಿಸಿಕೊಳ್ಳುತ್ತಾ ನಾದುತ್ತಿದ್ದೆ. ಒಳಕೋಣೆಯಲ್ಲಿ ಅಮ್ಮ ಮಲಗಿದ್ದಳು. "ಇನ್ನು ಪಥ್ಯ ಏನೂ ಬೇಡ, ಕೇಳಿದ್ದು ಕೊಡಿ" ಎಂದು ಡಾಕ್ಟರು ಹೇಳಿ ನಾಲ್ಕು ದಿನವಾಗಿತ್ತು. ಅದರ ಅರ್ಥ ಅಪ್ಪನಿಗೂ ಗೊತ್ತು, ನನಗೂ ಗೊತ್ತು. ಅಮ್ಮ ಮಾತ್ರ ಏನೂ ಕೇಳಿರಲಿಲ್ಲ. ಎರಡು ಚಮಚ ಗಂಜಿ ಇಳಿದರೆ ಅದೇ ದೊಡ್ಡದು.

ಕೊನೆಗೆ ಶನಿವಾರ ಸಂಜೆ ಬಾಯಿಬಿಟ್ಟಳು. "ಸೇಬಿನ ಕಡುಬು ಮಾಡ್ತೀಯೇನೇ?"

ನಮ್ಮ ಮನೆಯಲ್ಲಿ ಊಟದ ಮೇಲೆ ಸಿಹಿ ಎಂದರೆ ಅದೇ. ಸೇಬನ್ನು ಸಣ್ಣಗೆ ಹೆಚ್ಚಿ, ಸಕ್ಕರೆ, ದಾಲ್ಚಿನ್ನಿ ಹಾಕಿ ಬೇಯಿಸಿ, ಲಟ್ಟಿಸಿದ ಹಿಟ್ಟಿನೊಳಗೆ ಮಡಿಚಿ, ಅಂಚನ್ನು ಫೋರ್ಕಿನಿಂದ ಒತ್ತಿ ಎಣ್ಣೆಗೆ ಬಿಡುವುದು. ಅಂಚು ಸರಿಯಾಗಿ ಕೂರದಿದ್ದರೆ ಬಾಣಲೆಯಲ್ಲೇ ಬಾಯಿ ಬಿಡುತ್ತದೆ. ಪ್ರತಿ ಸಲವೂ ಒಂದೋ ಎರಡೋ ಒಡೆಯುತ್ತಿದ್ದವು. "ಒಡೆದದ್ದು ನಂಗಿರ್ಲಿ, ಅದರ ರುಚಿನೇ ಬೇರೆ" ಎಂದು ಅಮ್ಮ ತನ್ನ ತಟ್ಟೆಗೆ ಹಾಕಿಕೊಳ್ಳುತ್ತಿದ್ದಳು. ನಾವು ನಂಬಿದೆವು. ನಂಬಲು ನಮಗೇನು ಕಷ್ಟ? ಒಡೆಯದ್ದು ನಮ್ಮ ಬಾಯಲ್ಲಿತ್ತಲ್ಲ.

ಮದುವೆಯಾಗಿ ನನ್ನದೇ ಅಡುಗೆಮನೆ ಆದ ಮೇಲೆ ನಾನು ಕರಿದದ್ದೂ ಒಂದು ಒಡೆಯಿತು. ಬಹಳ ಆಸೆಯಿಂದ ಕಚ್ಚಿದೆ. ಹಣ್ಣೆಲ್ಲ ಬಾಣಲೆಯ ಪಾಲಾಗಿ, ಒಳಗೆ ಉಳಿದದ್ದು ಎಣ್ಣೆ ಮತ್ತು ಸುಟ್ಟ ಸಕ್ಕರೆಯ ಕಹಿ. ಕೈ ಕೆಸರಾದರೆ ಬಾಯಿ ಮೊಸರು ಎನ್ನುತ್ತಾರೆ. ಆ ಗಾದೆ ಕಟ್ಟಿದವನು ನಮ್ಮಮ್ಮನ ತಟ್ಟೆ ನೋಡಿರಲಿಲ್ಲ. ಅಮ್ಮನ ಮೇಲೆ ಸಿಟ್ಟು ಬಂತು, ನನ್ನ ಮೇಲೆ ಇನ್ನೂ ಹೆಚ್ಚು ಬಂತು.

ಅದಕ್ಕೇ ಆ ದಿನ ನನಗೆ ಹಟ. ಒಂದೇ ಒಂದು ಸಲ ಅವಳು ಒಡೆಯದ ಕಡುಬು ತಿನ್ನಬೇಕು. ಹೊಲಿಗೆ ಅಂಗಡಿಯಲ್ಲಿ ಇಪ್ಪತ್ತು ವರ್ಷ ಅಂಚು ಮಡಿಚಿದ ಕೈ ನನ್ನದು. ಹಣ್ಣಿನ ನೀರು ಪೂರ್ತಿ ಆರಿಸಿದೆ, ಅಂಚನ್ನು ಎರಡೆರಡು ಸಲ ಒತ್ತಿದೆ, ಮೈಯೆಲ್ಲ ಕಣ್ಣಾಗಿ ಕರಿದೆ. ಹನ್ನೆರಡಕ್ಕೆ ಹನ್ನೆರಡೂ ಒಡೆಯದೆ ಬಂದವು.

ತಟ್ಟೆ ಹಿಡಿದು ಒಳಗೆ ಹೋದೆ. ಅಪ್ಪ ಅಮ್ಮನ ಬೆನ್ನಿಗೆ ದಿಂಬು ಕೊಟ್ಟು ಕೂರಿಸಿದ. ಅಮ್ಮ ಒಂದೊಂದನ್ನೇ ಬೆರಳಲ್ಲಿ ಹೊರಳಿಸಿ ನೋಡಿದಳು.

"ಚೆನ್ನಾಗಿ ಬಂದಿದೆ ಕಣೇ," ಎಂದಳು. ಮತ್ತೆ ತಟ್ಟೆಯಲ್ಲೆಲ್ಲ ಹುಡುಕಿದಳು. "ನಂದೆಲ್ಲಿ?"

"ಎಲ್ಲಾ ನಿಂದೇ ಅಮ್ಮಾ. ತಗೋ."

"ಇದು ನಿಮ್ಮಪ್ಪಂಗೆ, ಇದು ನಿಂಗೆ... ಒಡೆದದ್ದು ಇಲ್ವಾ?"

"ಅವಳಿಗೆ ಒಡೆದದ್ದೇ ಇಷ್ಟ, ಗೊತ್ತಿಲ್ವಾ ನಿಂಗೆ?" ಎಂದ ಅಪ್ಪ. ನಲವತ್ತು ವರ್ಷ ಸಂಸಾರ ಮಾಡಿದ ಮನುಷ್ಯ!

ಒಂದನ್ನು ಅಮ್ಮನ ಬಾಯಿಯ ಹತ್ತಿರ ಹಿಡಿದೆ. ಅವಳು ಮುಖ ತಿರುಗಿಸಿದಳು. "ಬೇಡ, ನೀವು ತಿನ್ನಿ. ಚೆನ್ನಾಗಿರೋದು ಯಾಕೆ ದಂಡ ಮಾಡ್ತೀರಾ?"

ಅಡುಗೆಮನೆಗೆ ಬಂದು ಸಿಂಕಿನ ಮುಂದೆ ನಿಂತು ಬಿಕ್ಕಿಬಿಕ್ಕಿ ಅತ್ತೆ. ಆಮೇಲೆ ಮುಖ ತೊಳೆದು, ಹನ್ನೆರಡರಲ್ಲಿ ಎಲ್ಲಕ್ಕಿಂತ ಚೆಂದದ್ದನ್ನು ಆರಿಸಿ, ಅಂಚನ್ನು ಹೆಬ್ಬೆರಳಿನ ಉಗುರಿನಿಂದ ಸೀಳಿದೆ.

"ಬಾಣಲೆಯಲ್ಲಿ ಒಂದು ಉಳಿದುಬಿಟ್ಟಿತ್ತಮ್ಮಾ. ಒಡೆದುಹೋಗಿದೆ."

ಅಮ್ಮನ ಮುಖ ಅರಳಿತು. "ನಂಗೊತ್ತಿತ್ತು" ಎಂದು ಎರಡೂ ಕೈಯಲ್ಲಿ ಹಿಡಿದು ತಿನ್ನತೊಡಗಿದಳು. ಅರ್ಧಕ್ಕೆ ನಿಲ್ಲಿಸಿ ಸೀಳಿನೊಳಗೆ ಇಣುಕಿದಳು.

"ಇವತ್ತು ಒಡೆದದ್ರಲ್ಲೂ ಹಣ್ಣು ಉಳ್ಕೊಂಡಿದೆ ನೋಡೇ," ಎಂದಳು.

ಉಳಿದ ಅರ್ಧವನ್ನು ನನ್ನ ಕೈಗಿಟ್ಟಳು.